ಅಳುವವರೆಲ್ಲ ಇತ್ಲಾಗೆ ನೋಡ್ರಿ

ನಾನೂ ಒಂದು ಕಾಲಕ್ಕೆ ಸಿನಿಮಾ ಕ್ಯಾಮೆರಾ ಕೆಲಸದಲ್ಲಿದ್ದವನು ಎಂದು ಹೇಳಿದರೆ ಕೇಳುವವರ ಮುಖ ತಕ್ಷಣ ಅರಳುತ್ತದೆ. ಕುರ್ಚಿ ಹತ್ತಿರಕ್ಕೆ ಎಳೆದುಕೊಳ್ಳುತ್ತಾರೆ, ಒಳಗೆ ಕಾಫಿಗೆ ಹೇಳುತ್ತಾರೆ, ಯಾವ ಸಿನಿಮಾ, ನಾಯಕಿ ನಿಜಕ್ಕೂ ಅಷ್ಟು ಬೆಳ್ಳಗಿದ್ದಾಳೆಯೇ ಎಂದೆಲ್ಲ ವಿಚಾರಿಸುತ್ತಾರೆ. ಅಲ್ಲಿಯವರೆಗೂ ನನ್ನ ಬದುಕು ಸುಖವಾಗಿರುತ್ತದೆ. ಆಮೇಲೆ ಯಾರೋ ಒಬ್ಬರು, ಸಾಮಾನ್ಯವಾಗಿ ಆ ಮನೆಯ ಅಜ್ಜಿ, "ಅಂದ್ರ ಅಲ್ಲಿ ನೀನು ಏನು ಮಾಡ್ತಿದ್ದೆಪ್ಪ?" ಎಂದು ಕೇಳಿಬಿಡುತ್ತಾರೆ. ಸಿನಿಮಾ ತೆಗೆಯುವವರನ್ನು ನಾನು ತೆಗೆಯುತ್ತಿದ್ದೆ ಎಂದು ಉತ್ತರ ಕೊಡಬೇಕಾಗುತ್ತದೆ. ನಿರ್ದೇಶಕರು ಕೂಗುವುದು, ಲೈಟಿನವರು ಏಣಿ ಹತ್ತುವುದು, ನಾಯಕಿ ಕೊಡೆಯ ಕೆಳಗೆ ಕೂತು ಬೆವರು ಒರೆಸಿಕೊಳ್ಳುವುದು, ಇವನ್ನೆಲ್ಲ ಒಂದು ವಿಡಿಯೋ ಕ್ಯಾಮೆರಾದಲ್ಲಿ ಹಿಡಿದಿಡುವ ಕೆಲಸ. ಸಿನಿಮಾದವರು ಇದಕ್ಕೆ ಮೇಕಿಂಗ್ ಅನ್ನುತ್ತಾರೆ. ಇಷ್ಟು ವಿವರಿಸುವ ಹೊತ್ತಿಗೆ ಅರಳಿದ ಮುಖಗಳು ಬಾಡಿರುತ್ತವೆ. ಕಾಫಿ ಬರುತ್ತದೆ, ಆದರೆ ಅರ್ಧ ಲೋಟ. ಮಲೆಬೆನ್ನೂರಿನಲ್ಲಿ ಭತ್ತದ ವ್ಯಾಪಾರ ಮಾಡುವ ನಮ್ಮ ಮಾವನವರಿಗೆ ಇದನ್ನು ನಾನು ಮೂರು ಸಲ ಬಿಡಿಸಿ ಹೇಳಿದ ಮೇಲೆ ಅವರು ಎಲೆಯಡಿಕೆ ಜಗಿಯುವುದನ್ನು ನಿಲ್ಲಿಸಿ ಅಂದರು: "ಅಂದ್ರ, ಒಬ್ಬ ಹೊಲ ಉಳ್ತಿರ್ತಾನೆ. ನೀವು ಬದುವಿನ ಮ್ಯಾಲೆ ಕುಂತು ಅವನು ಉಳಾದು ನೋಡ್ತಿರ್ತೀರಿ. ಇದಕ್ಕೂ ಒಂದು ಹೆಸರೈತೇನ್ರಿ ಅಳಿಯಂದ್ರೇ?"

ಹೆಸರಿತ್ತು, ಆದರೆ ಮರ್ಯಾದೆ ಇರಲಿಲ್ಲ. ಅದು ತೊಂಬತ್ತರ ದಶಕ ಮುಗಿಯುತ್ತಾ ಬಂದಿದ್ದ ಕಾಲ. ದಾವಣಗೆರೆಯ ಹೊಂಡದ ಸರ್ಕಲ್ಲಿನ ಹತ್ತಿರ ನನ್ನದೊಂದು ವಿಡಿಯೋ ಅಂಗಡಿ. ಕೊಟ್ರೇಶ ಎಂದು ನನ್ನ ಹೆಸರಾದರೂ ಊರಿನವರ ಬಾಯಲ್ಲಿ ನಾನು 'ವಿಡಿಯೋ ಕೊಟ್ರೇಶಿ'. ಹತ್ತು ವರ್ಷದಿಂದ ದಾವಣಗೆರೆ, ಹರಿಹರ ಮತ್ತು ಸುತ್ತಲಿನ ಹಳ್ಳಿಗಳ ಮದುವೆ, ಸೀಮಂತ, ಗೃಹಪ್ರವೇಶಗಳನ್ನೆಲ್ಲ ಹೆಗಲ ಮೇಲೆ ಹೊತ್ತವನು. ಎಡ ಹೆಗಲು ಬಲ ಹೆಗಲಿಗಿಂತ ಮೇಲಿದೆ ಎಂದು ನನ್ನ ಅಂಗಿ ಹೊಲಿಯುವ ದರ್ಜಿ ಇವತ್ತಿಗೂ ಗೊಣಗುತ್ತಾನೆ. ಕ್ಯಾಮೆರಾ ಇಡುವುದು ಬಲ ಹೆಗಲ ಮೇಲೆ; ಅದು ಕುಸಿದು ಹೋಗಿದೆ. ಹೀಗಿರುವಾಗ ಬೆಂಗಳೂರಿನ ಒಂದು ಸಿನಿಮಾ ತಂಡ ಹರಿಹರದ ಹೊಳೆದಂಡೆಯಲ್ಲಿ ಇಪ್ಪತ್ತು ದಿನ ಚಿತ್ರೀಕರಣಕ್ಕೆಂದು ಬಂತು. ಮೇಕಿಂಗ್ ತೆಗೆಯಲು ಬೆಂಗಳೂರಿನಿಂದ ಬರಬೇಕಿದ್ದವನು ಕಡೇ ಗಳಿಗೆಯಲ್ಲಿ ಕಾಮಾಲೆಯಾಗಿ ಮಲಗಿದ. ಊರಲ್ಲಿ ಯಾರಾದರೂ ವಿಡಿಯೋದವನು ಇದ್ದಾನೆಯೇ ಎಂದು ಅವರು ವಿಚಾರಿಸಿದಾಗ ಹರಿಹರದ ಲಾಡ್ಜಿನ ಮ್ಯಾನೇಜರು ನನ್ನ ಹೆಸರು ಹೇಳಿದರು, ಯಾಕೆಂದರೆ ಅವರ ಮಗಳ ಮದುವೆ ವಿಡಿಯೋ ನನ್ನದೇ. ಇನ್ನೊಬ್ಬನ ಕಾಮಾಲೆಯಿಂದ ನನ್ನ ಸಿನಿಮಾ ಜೀವನ ಶುರುವಾಯಿತು.

ಆ ಕೆಲಸದಷ್ಟು ತಲೆ ಕೆಡಿಸುವ ಕೆಲಸ ಲೋಕದಲ್ಲಿ ಇನ್ನೊಂದಿರಲಿಕ್ಕಿಲ್ಲ. ಮೊದಲನೆಯದಾಗಿ ನಾನು ಎಲ್ಲೆಲ್ಲೂ ಇರಬೇಕು, ಆದರೆ ಯಾರ ಕಣ್ಣಿಗೂ ಬೀಳಬಾರದು. ದೊಡ್ಡ ಕ್ಯಾಮೆರಾದ ಚೌಕಟ್ಟಿನೊಳಗೆ ನನ್ನ ಕೈ ಬರಬಾರದು, ಕಾಲು ಬರಬಾರದು, ನೆರಳೂ ಬರಬಾರದು. ಬೆಳಗ್ಗೆ ಹತ್ತು ಗಂಟೆಯ ಬಿಸಿಲಿನಲ್ಲಿ ಹೊಳೆಯ ಮರಳಿನ ಮೇಲೆ ನೆರಳಿಲ್ಲದೆ ನಿಂತು ತೋರಿಸಿ ನೋಡೋಣ! ಕೆಮ್ಮು ಬಂದರೆ ನುಂಗಿಕೊಳ್ಳಬೇಕು. ಎರಡನೆಯದಾಗಿ, ಅಲ್ಲಿ ಯಾರಿಗೂ ನಾನು ಬೇಕಿರಲಿಲ್ಲ. ಮೇಕಪ್ಪಿನವರು ನನ್ನನ್ನು ಕಂಡರೆ ಬೀಡಿ ಬೆನ್ನ ಹಿಂದೆ ಅಡಗಿಸುತ್ತಿದ್ದರು. ನಾಯಕ ತನ್ನ ಬಲಗೆನ್ನೆ ಮಾತ್ರ ತೆಗೆಯಬೇಕೆಂದು ಹೇಳಿ ಕಳಿಸಿದ್ದ; ಅವನು ತಿರುಗಿದಾಗಲೆಲ್ಲ ಅವನ ಬಲಕ್ಕೆ ನಾನು ಕೋಳಿ ಹಿಡಿಯುವವನಂತೆ ಓಡಬೇಕಿತ್ತು. ನಾಯಕಿಗೆ ಇಪ್ಪತ್ತು ದಿನವೂ ನೆಗಡಿ. ಇನ್ನು ನಿರ್ದೇಶಕರು. ಸಿಟ್ಟು ಬಂದಾಗ ಟೋಪಿ ತೆಗೆದು ನೆಲಕ್ಕೆ ಒಗೆಯುವುದು ಅವರ ಪದ್ಧತಿ. ಆ ದೃಶ್ಯ ಮೇಕಿಂಗಿಗೆ ಚೆನ್ನಾಗಿರುತ್ತದೆ ಎಂದು ನಾನು ಕ್ಯಾಮೆರಾ ತಿರುಗಿಸಿದರೆ, ಟೋಪಿ ಎತ್ತಿಕೊಂಡು ತಲೆಗಿಟ್ಟು ಗಲ್ಲಕ್ಕೆ ಕೈ ಹಚ್ಚಿ ಯೋಚನೆಯಲ್ಲಿ ಮುಳುಗಿದವರ ಹಾಗೆ ಕೂತುಬಿಡುತ್ತಿದ್ದರು. ಹೀಗೆ ಇಪ್ಪತ್ತು ದಿನ ನಾನು ತೆಗೆದ ಟೇಪು ನೋಡಿದರೆ ಆ ಸಿನಿಮಾವನ್ನು ಅತ್ಯಂತ ಶಾಂತ ಸ್ವಭಾವದ ಜನ, ಒಂದು ಬೀಡಿಯನ್ನೂ ಸೇದದೆ ತೆಗೆದರು ಎಂದೇ ಯಾರಾದರೂ ನಂಬಬೇಕು.

ಇಷ್ಟೆಲ್ಲದರ ನಡುವೆ ನನ್ನನ್ನು ಮನುಷ್ಯನೆಂದು ಲೆಕ್ಕಕ್ಕೆ ಹಿಡಿದವರು ಒಬ್ಬರೇ, ದೊಡ್ಡ ಕ್ಯಾಮೆರಾ ನಡೆಸುತ್ತಿದ್ದ ಛಾಯಾಗ್ರಾಹಕರು. ನಾವೆಲ್ಲ ಅವರನ್ನು ಕ್ಯಾಮೆರಾ ಸಾರ್ ಎಂದೇ ಕರೆಯುತ್ತಿದ್ದೆವು. ಮಾತು ಕಡಿಮೆ, ನಶ್ಯದ ಅಭ್ಯಾಸ. ಒಂದು ದಿನ ನನ್ನ ವಿಡಿಯೋದ ಕಿಂಡಿಯಲ್ಲಿ ಕಣ್ಣಿಟ್ಟು ನಾನು ತೆಗೆದದ್ದನ್ನು ನೋಡಿ, "ಕೊಟ್ರೇಶ್, ನಿಮ್ಮ ಕೈ ನಡುಗಲ್ಲ ಕಣ್ರಿ" ಅಂದರು. ಹತ್ತು ವರ್ಷದಲ್ಲಿ ನನ್ನ ಕೆಲಸದ ಬಗ್ಗೆ ಯಾರಾದರೂ ಆಡಿದ ಮೊದಲ ಒಳ್ಳೆಯ ಮಾತು ಅದು. ಮದುವೆ ಮನೆಯವರು ಟೇಪು ನೋಡಿ ಹೇಳುವುದು ಒಂದೇ: "ನಮ್ಮ ಸೋದರತ್ತೆ ಊಟ ಮಾಡಿದ್ದು ಬಂದೇ ಇಲ್ಲ." ಮೂರು ದಿನ ಕಳೆದ ಮೇಲೆ ಕ್ಯಾಮೆರಾ ಸಾರ್ ಇನ್ನೂ ದೊಡ್ಡ ಮಾತು ಹೇಳಿದರು. ಮುಂದಿನ ಚಿತ್ರಕ್ಕೆ ತಮಗೊಬ್ಬ ಸಹಾಯಕ ಬೇಕು, ಈ ಷೆಡ್ಯೂಲು ತಕರಾರಿಲ್ಲದೆ ಮುಗಿದರೆ ನಿರ್ದೇಶಕರಿಗೂ ಒಂದು ಮಾತು ಹೇಳಿ ನನ್ನನ್ನೇ ಕರೆಸಿಕೊಳ್ಳುತ್ತೇನೆ ಎಂದರು. ನಾನು ಹರಿಹರದಿಂದ ದಾವಣಗೆರೆಗೆ ಬಸ್ಸಿನಲ್ಲಿ ನಿಂತುಕೊಂಡೇ ಬಂದೆ. ಸೀಟು ಖಾಲಿ ಇದ್ದದ್ದು ಇಳಿಯುವಾಗ ಗೊತ್ತಾಯಿತು. ಅಂದಿನಿಂದ ನನಗೆ ಆ ಕೆಲಸದ ಹೊರತು ಬೇರೇನೂ ಬೇಕಾಗಿರಲಿಲ್ಲ. ಸಿನಿಮಾದ ದೊಡ್ಡ ಕ್ಯಾಮೆರಾವನ್ನು ಮುಟ್ಟಿ ಸಾಯಬೇಕು ಎನ್ನುವಷ್ಟು ಆಸೆ. ನನ್ನ ಹೆಂಡತಿ ಸುಮಂಗಲ ಎಲ್ಲವನ್ನೂ ಕೇಳಿಸಿಕೊಂಡು, ರೊಟ್ಟಿ ತಟ್ಟುವುದನ್ನು ನಿಲ್ಲಿಸದೆ, "ತಕರಾರಿಲ್ದಂಗೆ ಅಂದ್ರಲ್ಲ, ಅದೇ ನಂಗೆ ಹೆದರಿಕಿ. ನಿಮ್ಮ ಕೈ ನಡುಗಲ್ಲ ಖರೆ, ತಲೀ ನೆಟ್ಟಗಿರಬೇಕಲ್ರಿ" ಅಂದಳು.

ಇಲ್ಲಿ ನಾನು ನನ್ನ ಮದುವೆ ವಿಡಿಯೋ ವಿದ್ಯೆಯ ಬಗ್ಗೆ ಸ್ವಲ್ಪ ಹೇಳಲೇಬೇಕು, ಯಾಕೆಂದರೆ ಮುಂದಿನ ಅನಾಹುತಕ್ಕೆಲ್ಲ ಅದೇ ಬೇರು. ನಾನು ಈ ಕಸುಬಿಗೆ ಇಳಿದ ಕಾಲದಲ್ಲಿ ನಮ್ಮ ಜನಕ್ಕೆ ವಿಡಿಯೋ ಅಂದರೆ ಏನೆಂದೇ ಗೊತ್ತಿರಲಿಲ್ಲ. ಮುಯ್ಯಿ ಮಾಡಲು ಬಂದವರು ಬಿರುಗಾಳಿಯ ಹಾಗೆ ಬಂದು, ಮದುಮಗನ ಕೊರಳಿಗೆ ಹಾರ ಎಸೆದು, ಊಟದ ಹಾಲಿಗೆ ಓಡಿಬಿಡುತ್ತಿದ್ದರು. ಟೇಪಿನಲ್ಲಿ ಬರೀ ಬೆನ್ನುಗಳು. ಬೈಗುಳ ಮಾತ್ರ ನನಗೆ. ಆಗ ನಾನು ಊರಿಗೇ ಪಾಠ ಶುರುಮಾಡಿದೆ. "ಹಾರ ಹಿಡಕೊಂಡು ನಿಲ್ರಿ. ಹಾಕಬ್ಯಾಡ್ರಿ. ಇತ್ಲಾಗೆ ನೋಡ್ರಿ. ಸ್ವಲ್ಪ ನಗ್ರಿ. ನಾನು ತಲೆ ಆಡಿಸಿದ ಮ್ಯಾಲೆ ಹಾಕ್ರಿ." ಪ್ರತಿ ಮದುವೆಯಲ್ಲಿ, ಪ್ರತಿಯೊಬ್ಬರಿಗೂ, ಹತ್ತು ವರ್ಷ. ಗುತ್ತೂರಿನ ಫ್ಯಾಕ್ಟರಿ ಕೆಲಸಗಾರರಿಂದ ಹಿಡಿದು ಮಂಡಿಪೇಟೆಯ ಸಾಹುಕಾರರವರೆಗೆ ಎಲ್ಲರೂ ಕಲಿತರು. ಕೊನೆಕೊನೆಗೆ ನಾನು ಬಾಯಿ ಬಿಡುವುದೇ ಬೇಕಿರಲಿಲ್ಲ. ಹೆಗಲ ಮೇಲೆ ಕ್ಯಾಮೆರಾ ಹೊತ್ತ ನನ್ನನ್ನು ಕಂಡರೆ ಸಾಕು, ಜನ ತಾವಾಗಿಯೇ ನಿಂತು, ಹಾರ ಗಾಳಿಯಲ್ಲಿ ಹಿಡಿದು, ನನ್ನ ಕಡೆ ತಿರುಗಿ ಮುಗುಳ್ನಕ್ಕು, ನನ್ನ ತಲೆ ಆಡುವವರೆಗೆ ಕಾಯುತ್ತಿದ್ದರು. ಒಂದು ಸಲ ನಾನು ಟೇಪು ಬದಲಾಯಿಸುತ್ತಾ ತಲೆ ಆಡಿಸುವುದನ್ನು ಮರೆತಾಗ ಒಬ್ಬ ಹಿರಿಯರು ಹಾರ ಹಿಡಿದ ಕೈ ಇಳಿಸದೆ ಅಷ್ಟು ಹೊತ್ತು ನಿಂತಿದ್ದರು. ಇದು ನನ್ನ ಜೀವಮಾನದ ಸಾಧನೆ ಎಂದು ನನಗೆ ಹೆಮ್ಮೆಯಿತ್ತು.

ಷೆಡ್ಯೂಲಿನ ಕೊನೆಯ ದಿನ ಇದ್ದದ್ದು ಸಾವಿನ ದೃಶ್ಯ. ಕಥೆಯಲ್ಲಿ ಊರಗೌಡರು ಸಾಯುತ್ತಾರೆ. ಇಡೀ ಊರು ಅಳುತ್ತಾ ಸಾಲಾಗಿ ಬಂದು ಹಾರ ಹಾಕಿ ಹೋಗುತ್ತದೆ. ದೊಡ್ಡ ಕ್ಯಾಮೆರಾ ತಳ್ಳುಗಾಡಿಯ ಮೇಲೆ ನಿಧಾನವಾಗಿ ಆ ಮುಖಗಳ ಮುಂದೆ ಸಾಗುತ್ತದೆ. ಅಳುವುದಕ್ಕೆ ಇನ್ನೂರು ಜನ ಬೇಕಿತ್ತು. ಇಲ್ಲಿಯವರೆಲ್ಲ ಕೊಟ್ರೇಶನಿಗೆ ಪರಿಚಯ ಎಂದು ಕ್ಯಾಮೆರಾ ಸಾರ್ ಹೇಳಿದ್ದರಿಂದ ಜನ ಕೂಡಿಸುವ ಹೊಣೆ ನನ್ನ ತಲೆಗೆ ಬಂತು. ನಾನು ಹೇಳಿಕಳಿಸಿದ್ದೇ ತಡ, ಗುತ್ತೂರು, ಸಾರಥಿ ಹಳ್ಳಿಗಳ ಜನ ನಡೆದೇ ಬಂದರು; ಮಲೆಬೆನ್ನೂರಿನಿಂದ ನಮ್ಮ ಮಾವನವರು ಎರಡು ಟ್ರ್ಯಾಕ್ಟರಿನಲ್ಲಿ ಬೀಗರನ್ನೂ ನೆಂಟರನ್ನೂ ತುಂಬಿಕೊಂಡು ಬಂದಿಳಿದರು. ಹೆಂಗಸರು ರೇಷ್ಮೆ ಸೀರೆ ಉಟ್ಟು ಮಲ್ಲಿಗೆ ಮುಡಿದಿದ್ದರು. ಸಾವಿಗೆ ಬಂದವರು ಹೀಗಿರಬಾರದು ಎಂದು ಅವರ ತಲೆಯಿಂದ ಹೂ ತೆಗೆಸಲು ಸುಮಂಗಲಳಿಗೆ ಒಂದು ತಾಸು ಹಿಡಿಯಿತು. ಬದುವಿನ ಮೇಲೆ ಕೂತವನು ಎಂದು ನನ್ನನ್ನು ಹಂಗಿಸಿದ್ದ ಮಾವನವರು ಆ ದಿನ ಎಲ್ಲರಿಗೂ ಕೇಳುವ ಹಾಗೆ, "ನಮ್ಮ ಅಳಿಯಂದ್ರದ್ದೇ ಎಲ್ಲಾ ಇಲ್ಲಿ. ಏನು ಬೇಕಾದ್ರೂ ಅವ್ರನ್ನ ಕೇಳ್ರಿ" ಎಂದು ಹೇಳುತ್ತಾ ತಿರುಗುತ್ತಿದ್ದರು. ಮದುವೆಯಾಗಿ ಎಂಟು ವರ್ಷಕ್ಕೆ ಅವರ ಬಾಯಿಂದ ಆ ಮಾತು ಕೇಳಿ ನನ್ನ ಕಣ್ಣು ಒದ್ದೆಯಾಯಿತು. ಸುಳ್ಳು ಹೇಳುವುದಿಲ್ಲ, ನಿಜವಾಗಿ ಆಯಿತು.

ಮೊದಲ ತಕರಾರು ತೆಗೆದವರೂ ಅವರೇ. ಬೆಂಗಳೂರಿನವರು ಗೌಡರ ಹೆಣ ಮಲಗಿಸಲು ಬಿದಿರಿನ ಚಟ್ಟ ಕಟ್ಟಿಸಿದ್ದರು. ಮಾವನವರು ಅದನ್ನು ನೋಡಿ ನಿರ್ದೇಶಕರ ಮುಂದೆ ನಿಂತು, "ಏನ್ ಸ್ವಾಮಿ, ಗೌಡ್ರು ಲಿಂಗವಂತರು ಅಂತ ಕಥಿಯಾಗೈತಿ ಅಂದ್ರಿ. ನಮ್ಮಾಗ ಮಲಗಸಾದಿಲ್ಲ. ವಿಮಾನ ಕಟ್ಟಿ ಕುಂದ್ರಸ್ತೀವಿ. ಇದನ್ನ ಹಿಂಗೇ ತೆಗದ್ರ ದಾವಣಗೆರ್ಯಾಗ ಜನ ನಗ್ತಾರೆ ನೋಡ್ರಿ" ಎಂದರು. ನಿರ್ದೇಶಕರಿಗೆ ಅದು ಗೊತ್ತಿರಲಿಲ್ಲ, ಆದರೆ ಮಾತು ಸರಿ ಎನಿಸಿತು. ಅರ್ಧ ದಿನದೊಳಗೆ ಬಾಳೆಕಂದು, ಚೆಂಡುಹೂವು, ಹೊಸ ಪಂಚೆ ಸುತ್ತಿ ಮಂಟಪದ ಹಾಗೆ ವಿಮಾನ ಸಿದ್ಧವಾಯಿತು. ಸತ್ತ ಗೌಡರ ಪಾತ್ರಕ್ಕೆ ಸಾರಥಿಯ ಹಾಲಪ್ಪಜ್ಜ ಎಂಬ ಬಿಳಿ ಮೀಸೆಯ ರೈತರನ್ನು ಒಪ್ಪಿಸಿದ್ದೆವು. ಅವರನ್ನು ಅದರಲ್ಲಿ ಕೂರಿಸಿ, ಪೇಟ ಸುತ್ತಿ, ವಿಭೂತಿ ಹಚ್ಚಿ, ಕೊರಳಿಗೆ ಮೊದಲ ಹಾರ ಹಾಕಿದರು. ಅದರ ಮುಂದೆ ಕೈಯಲ್ಲಿ ಹಾರ ಹಿಡಿದು ಇನ್ನೂರು ಜನ ಸಾಲು ನಿಂತರು. ಪಕ್ಕದಲ್ಲಿ, ಮೇಕಿಂಗ್ ತೆಗೆಯಲೆಂದು, ಹೆಗಲ ಮೇಲೆ ವಿಡಿಯೋ ಹೊತ್ತು ನಾನು ನಿಂತೆ. ಹೂವಿನ ಮಂಟಪದಲ್ಲಿ ಪೇಟ ಸುತ್ತಿಕೊಂಡು ಕೂತವರೊಬ್ಬರು, ಎದುರಿಗೆ ಸಾಲು, ಪಕ್ಕದಲ್ಲಿ ವಿಡಿಯೋ ಕೊಟ್ರೇಶಿ. ಏನಾಗುತ್ತದೆಂದು ಆಗಲೇ ನನಗೆ ಹೊಳೆಯಬೇಕಿತ್ತು. ಹೊಳೆಯಲಿಲ್ಲ.

"ಆ್ಯಕ್ಷನ್" ಎಂದು ಕೂಗಿದರು. ಸಾವಿನ ಹಲಗೆ ಬಡಿದರು, ಹೆಂಗಸರು ಅತ್ತರು, ಗಾಡಿಯ ಮೇಲೆ ದೊಡ್ಡ ಕ್ಯಾಮೆರಾ ಹೊರಟಿತು. ಸಾಲಿನಲ್ಲಿ ಮೊದಲಿಗರು ನಮ್ಮ ಮಾವನವರು. ಗಂಭೀರವಾಗಿ ನಡೆದು ಬಂದರು. ಹಾರ ಎತ್ತಿದರು. ಹಾಲಪ್ಪಜ್ಜನ ತಲೆಯ ಮೇಲೆ, ಗಾಳಿಯಲ್ಲಿ ಅದನ್ನು ಹಾಗೇ ಹಿಡಿದು ನಿಲ್ಲಿಸಿದರು. ನನ್ನ ಕಡೆ ತಿರುಗಿದರು. ಮುಗುಳ್ನಕ್ಕು ಕಾದರು. ಹತ್ತು ವರ್ಷದ ಅಭ್ಯಾಸ ನೋಡಿ, ನನ್ನ ತಲೆ ತಾನೇ ಆಡಿತು. ಅವರು ತೃಪ್ತಿಯಿಂದ ಹಾರ ಹಾಕಿ ಮುಂದೆ ಹೋದರು. ಅವರ ಹಿಂದೆ ಬಂದ ಚಿಕ್ಕತ್ತೆ ಅಳು ನಿಲ್ಲಿಸಿ, ಸೆರಗು ಸರಿಮಾಡಿಕೊಂಡು, ಹಾರ ಹಿಡಿದು, ಇತ್ತ ನೋಡಿ ನಕ್ಕರು. ನಾನು ಮತ್ತೆ ತಲೆ ಆಡಿಸಿದೆ. ಹೀಗೆ ಏಳು ಜನ. ಅವರ ಹಿಂದೆ ಗಂಡಹೆಂಡತಿ ಜೋಡಿಯಾಗಿ ಬಂದು, ಹೆಣದ ಎಡಕ್ಕೊಬ್ಬರು ಬಲಕ್ಕೊಬ್ಬರು ನಿಂತುಕೊಂಡು ನನ್ನನ್ನು ನೋಡಿದರು. ಹಾಲಪ್ಪಜ್ಜನಿಗೂ ಏನೋ ನಡೆಯುತ್ತಿದೆ ಎನಿಸಿರಬೇಕು, ಒಂದು ಕಣ್ಣು ತೆರೆದು ಅವರೂ ಇತ್ತ ನೋಡಿದರು. ನಿರ್ದೇಶಕರ ಟೋಪಿ ನೆಲಕ್ಕೆ ಬಿತ್ತು. "ಕಟ್! ಯಾರ್ರೀ ಅವನು ತಲೆ ಆಡಿಸ್ತಿರೋದು? ಹೆಣದ ಮುಂದೆ ನಗ್ತಾರಲ್ರೀ ಇವರೆಲ್ಲ! ಏನ್ ಜನಾನ್ರೀ ನೀವು?" ಎಂದು ಅವರು ಕಿರುಚಿದ್ದು ಹೊಳೆಯ ಆಚೆ ದಂಡೆಗೂ ಕೇಳಿಸಿರಬಹುದು. ಜನಕ್ಕೆ ಏನು ತಪ್ಪಾಯಿತೆಂದೇ ತಿಳಿಯಲಿಲ್ಲ. "ಕೊಟ್ರೇಶಿ ತಲೆ ಆಡಿಸಿದ್ನಲ್ರಿ, ಆಮೇಲೇ ನಾವು ಹಾಕಿದ್ದು" ಎಂದು ಮಾವನವರು ನ್ಯಾಯ ಹೇಳಲು ಹೋದರು.

ಎರಡನೆಯ ಸಲ ನನ್ನನ್ನು ಎತ್ತಿನ ಗಾಡಿಯ ಹಿಂದೆ ಅಡಗಿಸಿ ಕೂರಿಸಿದರು. ಅಲ್ಲಿಂದಲೇ ಗಾಲಿಯ ಅರಗಳ ಸಂದಿಯಿಂದ ತೆಗೆಯಬೇಕೆಂದು ಅಪ್ಪಣೆ. ಅದಕ್ಕೂ ಮೊದಲು ನಾನು ಇನ್ನೂರು ಜನರನ್ನು ನಿಲ್ಲಿಸಿ, ಕೈ ಮುಗಿದು, "ಯಾರೂ ನನ್ನ ಕಡೆ ನೋಡಬ್ಯಾಡ್ರಿ, ನಗಬ್ಯಾಡ್ರಿ, ನಿಲ್ಲಬ್ಯಾಡ್ರಿ. ಹಾರ ಹಾಕಿ ಸೀದಾ ಹೋಗ್ತಾ ಇರ್ರಿ" ಎಂದು ಹೇಳಿದ್ದೆ. ಹತ್ತು ವರ್ಷ ಕಲಿಸಿದ್ದನ್ನು ಹತ್ತು ನಿಮಿಷದಲ್ಲಿ ಮರೆಸಲು ಹೊರಟ ಮೇಷ್ಟ್ರ ಪಾಡು ನನ್ನದು. ಎಲ್ಲರೂ ಹೂಂ ಅಂದರು. ಹಲಗೆ ಬಡಿಯಿತು. ಮಾವನವರು ಹಾರ ಎತ್ತಿದರು, ತಡೆದರು, ನಾನಿದ್ದ ಜಾಗ ಖಾಲಿ ಕಂಡಿತು. ಕತ್ತು ಉದ್ದ ಮಾಡಿ ನನ್ನನ್ನು ಹುಡುಕಿದರು. ಹಿಂದಿನವರೂ ಹುಡುಕಿದರು. ಸಾಲಿನ ನಡುವಿನಿಂದ ಒಬ್ಬ ಹೆಂಗಸು, "ಕೊಟ್ರೇಶಪ್ಪ ಎಲ್ಲಿ ಹೋದ? ಊಟಕ್ಕ ಕುಂತನೇನು?" ಎಂದು ಕೇಳಿದ್ದು ಧ್ವನಿಮುದ್ರಣದಲ್ಲಿ ಸ್ಪಷ್ಟವಾಗಿ ಬಿತ್ತು. ಯಾರೋ ಗಾಲಿಯ ಸಂದಿಯಲ್ಲಿ ನನ್ನ ಲೆನ್ಸು ಮಿಂಚಿದ್ದನ್ನು ಕಂಡು "ಅಕಾ ಅಲ್ಲದಾನೆ!" ಎಂದು ಕೈ ತೋರಿಸಿದರು. ಇನ್ನೂರು ಜನ ಎತ್ತಿನ ಗಾಡಿಯ ಕಡೆ ತಿರುಗಿ ನೆಮ್ಮದಿಯಿಂದ ನಕ್ಕರು. ಟೋಪಿ ಮತ್ತೆ ನೆಲಕ್ಕೆ ಬಿತ್ತು. ಈ ಸಲ ಅದನ್ನು ಎತ್ತಿಕೊಳ್ಳಲೂ ನಿರ್ದೇಶಕರಿಗೆ ಮನಸ್ಸಿರಲಿಲ್ಲ. ಒಂದು ಸಲ ತುಳಿದರು.

ಸೂರ್ಯ ಇಳಿಯುತ್ತಿದ್ದ. ಡಬ್ಬಿಯಲ್ಲಿ ಉಳಿದಿದ್ದ ಫಿಲ್ಮು ಒಂದೇ ಒಂದು ಸಲಕ್ಕೆ ಸಾಲುವಷ್ಟು. ಮಾರನೆಯ ದಿನ ತಂಡ ಬೆಂಗಳೂರಿಗೆ ಹೊರಡಬೇಕು. ಕ್ಯಾಮೆರಾ ಸಾರ್ ನನ್ನ ಮುಖ ನೋಡಲಿಲ್ಲ, ನಶ್ಯ ಏರಿಸುತ್ತಾ ಹೊಳೆ ನೋಡುತ್ತಿದ್ದರು. ನನ್ನ ನೌಕರಿ ಅದೇ ಹೊಳೆಯಲ್ಲಿ ತೇಲಿಕೊಂಡು ಹೋಗುತ್ತಿರುವುದು ನನಗೂ ಕಾಣಿಸುತ್ತಿತ್ತು. ಕಡೆಗೆ ಅವರೇ ಒಂದು ಉಪಾಯ ಹೇಳಿದರು. "ಈ ಜನ ಕೊಟ್ರೇಶನ್ನ ನೋಡ್ತಿಲ್ಲ, ಅವನ ಹೆಗಲ ಮೇಲಿರೋದನ್ನ ನೋಡ್ತಿದಾರೆ. ಅದನ್ನ ಕಸ್ಕೊಳ್ಳಿ. ಬರಿಗೈಯಲ್ಲಿ ಅವನನ್ನೂ ಸಾಲಿನಲ್ಲಿ ನಿಲ್ಲಿಸಿ. ಅವನು ಅತ್ತರೆ ಎಲ್ಲರೂ ಅಳ್ತಾರೆ." ನನ್ನ ವಿಡಿಯೋವನ್ನು ಒಂದು ಗೋಣಿಚೀಲದಲ್ಲಿ ಕಟ್ಟಿ ಟ್ರ್ಯಾಕ್ಟರಿನ ಸೀಟಿನ ಕೆಳಗೆ ಇಟ್ಟರು. ನನ್ನ ಹೆಗಲಿಗೆ ಬಿಳಿ ವಲ್ಲಿ ಹಾಕಿ, ಕೈಗೆ ಹಾರ ಕೊಟ್ಟು, ಮಾವನವರ ಹಿಂದೆ ನಾಲ್ಕನೆಯವನಾಗಿ ನಿಲ್ಲಿಸಿದರು. ಉಪಾಯ ಎಷ್ಟು ಚೆನ್ನಾಗಿ ಫಲಿಸಿತೆಂದರೆ, ನಾನು ಖಾಲಿ ಹೆಗಲಿನಲ್ಲಿ ನಿಂತದ್ದನ್ನು ಕಂಡ ಕೂಡಲೇ ಜನಕ್ಕೆ ನಿಜವಾಗಿ ಏನೋ ಕೆಟ್ಟದ್ದಾಗಿದೆ ಎನಿಸಿ ಮುಖ ಸಪ್ಪಗಾಯಿತು. ಹಲಗೆ ಬಡಿದಾಗ ಮಾವನವರು ಯಾರಿಗೂ ಕಾಯದೆ ಹಾರ ಹಾಕಿ, ಹಾಲಪ್ಪಜ್ಜನ ಮೊಣಕಾಲು ಹಿಡಿದು ಗೊಳೋ ಎಂದು ಅತ್ತರು. ತಮ್ಮ ತಂದೆ ತೀರಿಹೋದದ್ದು ನೆನಪಾಯಿತಂತೆ, ಆಮೇಲೆ ಹೇಳಿದರು. ಅವರನ್ನು ನೋಡಿ ಹೆಂಗಸರು ಅತ್ತರು. ಸುಮಂಗಲ ತನ್ನ ಅಪ್ಪ ಅತ್ತದ್ದನ್ನು ನೋಡಿ ಅತ್ತಳು. ಅಂಥ ಅಳು ನಾನು ಯಾವ ಸಿನಿಮಾದಲ್ಲಿಯೂ ಕಂಡಿಲ್ಲ.

ದೊಡ್ಡ ಕ್ಯಾಮೆರಾ ಗಾಡಿಯ ಮೇಲೆ ನಿಧಾನವಾಗಿ ಬರುತ್ತಿತ್ತು. ಮಾವನವರನ್ನು ದಾಟಿತು, ಚಿಕ್ಕತ್ತೆಯನ್ನು ದಾಟಿತು, ನನ್ನ ಹತ್ತಿರ ಬಂತು. ಇಲ್ಲಿ ನಿಮಗೊಂದು ವಿಷಯ ತಿಳಿದಿರಲಿ. ಸಾವಿರ ಜನರನ್ನು ತೆಗೆದ ನನ್ನನ್ನು ಯಾರೂ ಯಾವತ್ತೂ ತೆಗೆದಿರಲಿಲ್ಲ. ನನ್ನ ಮದುವೆಯ ವಿಡಿಯೋ ತೆಗೆದವನು ನನ್ನ ಗೆಳೆಯ. ಅವನಿಗೆ ಕೈ ಸಾಲದೆಂದು ತಾಳಿ ಕಟ್ಟುವವರೆಗೂ ನಾನೇ ಮಣೆಯ ಮೇಲೆ ಕೂತು ಹಿಂದಕ್ಕೆ ತಿರುಗಿ ಅವನಿಗೆ ಹೇಳಿಕೊಡುತ್ತಿದ್ದೆ. ಆ ಟೇಪಿನಲ್ಲಿ ಮದುಮಗನಿಗೆ ಬಾಯಿ ಒಂದೇ ಇರುವುದು, ಅದೂ ಬೈಯುತ್ತಿರುವುದು. ಮನೆಯ ಫೋಟೋಗಳಲ್ಲೆಲ್ಲ ಹೆಂಡತಿ ಮಕ್ಕಳಿದ್ದಾರೆ, ಕೆಳಗೆ ನನ್ನ ನೆರಳಿದೆ. ಅಂಥವನ ಎದುರಿಗೆ, ಎರಡು ಮೊಳ ದೂರದಲ್ಲಿ, ಅಂಗೈಯಗಲದ ಗಾಜು ಬಂದು ನಿಂತಿತು. ಯಾವ ನಂಬರಿನ ಲೆನ್ಸು ಹಾಕಿದ್ದಾರೋ ನೋಡೋಣ ಎಂದು ಕಸುಬಿನ ಕುತೂಹಲದಿಂದ ಅರೆಗಳಿಗೆ ಕಣ್ಣೆತ್ತಿದೆ, ಅಷ್ಟೇ. ಹಾಗೆಂದು ನಾನು ಮೂರು ವಾರ ನಂಬಿಕೊಂಡಿದ್ದೆ.

ಶಾಟು ಮುಗಿದಾಗ, ಮಾವನವರ ಅಳುವನ್ನೇ ನೋಡುತ್ತಾ ಮೈಮರೆತಿದ್ದ ನಿರ್ದೇಶಕರೇ ಚಪ್ಪಾಳೆ ತಟ್ಟಿದರು. ಸಿನಿಮಾದಲ್ಲಿ ಸತ್ತವರ ಪಾತ್ರ ಮಾಡಿದವರು ಎದ್ದೇಳುವ ಮುಂಚೆ ಕ್ಯಾಮೆರಾ ನೋಡಿ ಒಂದು ಸಲ ನಗಬೇಕಂತೆ, ಅಪಶಕುನ ಕಳೆಯಲು. ಅದೊಂದು ಶಾಸ್ತ್ರ. ಹಾಲಪ್ಪಜ್ಜನಿಗೆ ಅದನ್ನು ಹೇಳಿದರೆ, "ಆಗಲೇ ಒಂದು ಕಣ್ಣು ಬಿಟ್ಟಿದ್ದಕ್ಕ ಹಂಗ ಬೈದ್ರಿ, ಈಗ ನಗು ಅಂತೀರಿ. ನಿಮ್ಮದು ಒಂದು ನಮೂನಿ ಊರು ಬಿಡ್ರಿ" ಎಂದು ರೇಗಿ, ನಗದೇ ವಿಮಾನದಿಂದ ಇಳಿದುಬಿಟ್ಟರು. ಎಲ್ಲರೂ ನಕ್ಕರು. ಮಾವನವರು ಕಣ್ಣು ಒರೆಸಿಕೊಳ್ಳುತ್ತಾ ನನ್ನ ಬೆನ್ನು ತಟ್ಟಿದರು. ಕ್ಯಾಮೆರಾ ಸಾರ್ ಹೊರಡುವಾಗ, "ಲ್ಯಾಬಿಂದ ಪ್ರಿಂಟು ಬಂದ ಮೇಲೆ ಫೋನ್ ಮಾಡ್ತೀನಿ ಕೊಟ್ರೇಶ್, ಬಟ್ಟೆಬರೆ ಸಿದ್ಧ ಮಾಡ್ಕೊಳ್ಳಿ" ಎಂದರು. ನಾನು ಅದನ್ನು ಅಕ್ಷರಶಃ ಪಾಲಿಸಿದೆ. ಹೊಸ ಸೂಟ್‌ಕೇಸು ತಂದು, ನಾಲ್ಕು ಅಂಗಿ ಇಸ್ತ್ರಿ ಮಾಡಿಸಿ, ಬಂದ ಮದುವೆಗಳನ್ನೆಲ್ಲ ಇನ್ನೊಬ್ಬ ವಿಡಿಯೋದವನಿಗೆ ದಾಟಿಸಿ ಕೂತೆ.

ಮೂರು ವಾರ ಬಿಟ್ಟು ಪಕ್ಕದ ಬಟ್ಟೆ ಅಂಗಡಿಗೆ ಫೋನು ಬಂತು. ನಾನು ಚಪ್ಪಲಿ ಮೆಟ್ಟದೆ ಓಡಿದೆ. ಕ್ಯಾಮೆರಾ ಸಾರ್ ಅವರದೇ ಧ್ವನಿ. ಶಾಟು ಬಹಳ ಚೆನ್ನಾಗಿ ಬಂದಿದೆ, ಬೆಳಕು ಬಂಗಾರದ ಹಾಗಿದೆ, ಜನ ಜೀವ ಬಿಟ್ಟು ಅತ್ತಿದ್ದಾರೆ ಎಂದರು. ನಶ್ಯ ಏರಿಸಿ, "ಆದರೆ ನಡುವೆ ಒಬ್ಬ ನಿಂತಿದಾನೆ ಕಣ್ರಿ. ಅವತ್ತು ನನ್ನ ಕಣ್ಣೂ ತುಂಬಿತ್ತು, ಕಿಂಡಿಯಲ್ಲಿ ಸರಿಯಾಗಿ ಕಾಣಲಿಲ್ಲ. ಹಾರ ಎತ್ತಿ ಗಾಳಿಯಲ್ಲಿ ಹಿಡ್ಕೊಂಡಿದಾನೆ. ಲೆನ್ಸನ್ನೇ ನೋಡ್ತಾ ನಗ್ತಿದಾನೆ. ಹಾರ ಹಾಕೋದೇ ಇಲ್ಲ, ಸುಮ್ಮನೆ ಕಾಯ್ತಾನೆ. ಅವನನ್ನ ಬಿಟ್ಟು ಕತ್ತರಿಸೋಣ ಅಂದರೆ ಮುಂದೆ ಹೋದವರ ಪಕ್ಕದಲ್ಲೂ ಅವನ ನಗುವೇ ಇದೆ, ಹಿಂದಿನವರೆಲ್ಲ ಅವನ ಹಿಂದೆನೇ ಸಿಕ್ಕೊಂಡಿದಾರೆ" ಎಂದರು. ಯಾರು ಸಾರ್ ಅದು ಎಂದು ಕೇಳುವಷ್ಟು ಧೈರ್ಯ ನನಗೆ ಬರಲಿಲ್ಲ. ಅವರೂ ಹೆಸರು ಹೇಳಲಿಲ್ಲ, ದೊಡ್ಡ ಮನುಷ್ಯರು. "ಚೆನ್ನಾಗಿ ನಕ್ಕಿದೀರಿ ಬಿಡಿ" ಎಂದಷ್ಟೇ ಹೇಳಿ ಫೋನಿಟ್ಟರು. ಮುಂದಿನ ಚಿತ್ರದ ಮಾತು ಅವರೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಮನೆಗೆ ಬಂದು ಸುಮಂಗಲಳ ಮುಂದೆ ಎಲ್ಲ ಒಪ್ಪಿಕೊಂಡೆ. ನಗುತ್ತಾಳೆ ಅಂದುಕೊಂಡಿದ್ದೆ. ಅವಳು ನಗಲಿಲ್ಲ, ಸೂಟ್‌ಕೇಸಿನಿಂದ ಅಂಗಿಗಳನ್ನು ಒಂದೊಂದಾಗಿ ತೆಗೆದು ಗೂಟಕ್ಕೆ ಹಾಕಿದಳು. ನನಗೆ ಬಹಳ ನೋವಾಯಿತು. ಬೇರೆ ಯಾರಾದರೂ ಕೆಡಿಸಿದ್ದರೆ ಬೈದು ಸಮಾಧಾನ ಮಾಡಿಕೊಳ್ಳಬಹುದಿತ್ತು.

ಸಿನಿಮಾ ದಾವಣಗೆರೆಗೆ ಬಂದ ಮೊದಲ ದಿನವೇ ಮ್ಯಾಟಿನಿಗೆ ಮಲೆಬೆನ್ನೂರು, ಸಾರಥಿ, ಗುತ್ತೂರುಗಳ ಜನವೆಲ್ಲ ನುಗ್ಗಿತು. ಮಾವನವರು ಹೊಸ ಜರಿ ಪೇಟ ಸುತ್ತಿಕೊಂಡು ಎರಡು ಸಾಲು ಪೂರ್ತಿ ನಮ್ಮವರನ್ನೇ ಕೂರಿಸಿದ್ದರು. ನಾನು ಅವರ ಎಡಕ್ಕೆ, ನನ್ನ ಪಕ್ಕ ಸುಮಂಗಲ. ಸಾವಿನ ದೃಶ್ಯ ಬಂತು. ಹಲಗೆ ಬಡಿಯಿತು, ಹಾಲಪ್ಪಜ್ಜ ವಿಮಾನದಲ್ಲಿ ಕೂತಿದ್ದರು, ಸಾರಥಿಯವರು ಸಿಳ್ಳೆ ಹಾಕಿದರು. ಮಾವನವರು ಪೇಟ ಸರಿಮಾಡಿಕೊಂಡು ಮುಂದಕ್ಕೆ ಬಾಗಿದರು. ಪರದೆಯ ಮೇಲೆ ಹೊಳೆ ಕಾಣಿಸಿತು, ಒಂದು ಹಕ್ಕಿ ಹಾರಿತು, ಮುಂದಿನ ದೃಶ್ಯ ಶುರುವಾಗಿಯೇ ಹೋಯಿತು. ಒಬ್ಬರ ಮುಖವೂ ಇಲ್ಲ. ಮಾವನವರು ನನ್ನ ಕಡೆ ತಿರುಗಿ, ಸಣ್ಣ ದನಿಯಲ್ಲಿ, "ನಾನು ಅಷ್ಟು ಅತ್ತೆನಲ್ರಿ ಅಳಿಯಂದ್ರೇ. ಎಲ್ಲಿ ಹೋತು ಅದು?" ಎಂದು ಕೇಳಿದರು. ಅವರನ್ನು ಹಾಗೆ ಕುಗ್ಗಿದ ದನಿಯಲ್ಲಿ ನಾನು ಎಂದೂ ಕೇಳಿರಲಿಲ್ಲ. ಬಾಯಿಗೆ ಬಂದದ್ದನ್ನು ಹೇಳಿಬಿಟ್ಟೆ. "ಯಾವನೋ ಒಬ್ಬ ಕ್ಯಾಮೆರಾ ನೋಡಿ ನಕ್ಕುಬಿಟ್ಟನಂತೆ ಮಾವ, ಅದಕ್ಕ ಎಲ್ಲಾ ಕತ್ತರಿಸಿದ್ರಂತೆ."

ಅಷ್ಟು ಸಾಕಾಯಿತು. ಸುದ್ದಿ ಎರಡು ಸಾಲು ದಾಟಿ ಹಿಂದಿನ ಬೆಂಚಿನವರೆಗೆ ಹೋಯಿತು. "ಯಾವನ್ಲೇ ಅವನು?" ಎಂದು ಮಾವನವರು ಎದ್ದು ನಿಂತರು. "ಇನ್ನೂರು ಜನದ ಅಳು ಹಾಳು ಮಾಡ್ಯಾನಲ್ಲ, ಅವನ ಮುಖಕ್ಕಿಷ್ಟು ಮಣ್ಣು ಹಾಕ!" ಚಿಕ್ಕತ್ತೆ ಅವನ ಮನೆ ಹಾಳಾಗಲಿ ಎಂದರು. ಗುತ್ತೂರಿನವರು ಅವನು ಮಲೆಬೆನ್ನೂರಿನವನೇ ಇರಬೇಕೆಂದರು, ಮಲೆಬೆನ್ನೂರಿನವರು ಗುತ್ತೂರಿನವನೇ ಎಂದರು. ಸುಮ್ಮನೆ ಕೂತರೆ ನನ್ನ ಮೇಲೆ ಅನುಮಾನ ಬಂದೀತು ಎಂದು ನಾನೂ ಎದ್ದು ನಿಂತೆ. ಮೊದಮೊದಲು ಮೆಲ್ಲಗೆ ಬೈದೆ. ಆಮೇಲೆ ಸೂಟ್‌ಕೇಸು ನೆನಪಾಗಿ ದನಿ ಏರಿತು. ಬುದ್ಧಿಗೇಡಿ, ಹುಟ್ಟಿದಾಗಿಂದ ಕ್ಯಾಮೆರಾ ಕಾಣದವನು, ಎಂದೋ ಒಂದು ದಿನ ಯಾರೋ ತನ್ನ ಕಡೆ ನೋಡಿದರೆಂದು ಹಲ್ಲು ಕಿರಿದ ಮೂರ್ಖ ಎಂದು ನಾನು ಕೈ ಎತ್ತಿ ಎತ್ತಿ ಬೈದೆ. ಇಡೀ ಟಾಕೀಸಿನಲ್ಲಿ ನನ್ನಷ್ಟು ಜೋರಾಗಿ ಯಾರೂ ಬೈಯಲಿಲ್ಲ. ಮಾವನವರು ಮೆಚ್ಚಿ ಹೂಂಗುಟ್ಟುತ್ತಿದ್ದರು. ಆಗ ಸುಮಂಗಲ ನನ್ನ ಅಂಗಿಯ ತುದಿ ಹಿಡಿದು ಮೆಲ್ಲಗೆ ಕೆಳಗೆ ಜಗ್ಗಿದಳು. "ಸಾಕು, ಕೂಡ್ರಿ," ಅಂದಳು. "ಬೈಸ್ಕೊಳ್ಳೋನಿಗೂ ಕಿವಿ ಇರ್ತಾವ."